ಮೂಲೆಯಲ್ಲಿ ನಿಂತ ಅಜ್ಜಿಯೂ ಕಾಣುವ ಪರದೆ: ಜಯನಗರದ ಖಾಸಗಿ ಮಿನಿ ಥಿಯೇಟರೊಂದರ ವಿಮರ್ಶೆ

ಬೆಂಗಳೂರಿನಲ್ಲಿ ಈಗ ಬಡಾವಣೆಗೊಂದರಂತೆ ತಲೆಯೆತ್ತಿರುವ ಖಾಸಗಿ ಮಿನಿ ಥಿಯೇಟರುಗಳು ಸಿನಿಮಾ ನೋಡುವವರನ್ನು ನೆಚ್ಚಿಕೊಂಡು ಹುಟ್ಟಿದವಲ್ಲ. ಹುಟ್ಟುಹಬ್ಬ, ಮದುವೆಯ ವಾರ್ಷಿಕೋತ್ಸವ, ಪ್ರೇಮ ನಿವೇದನೆ, ಸೀಮಂತ ಇವೇ ಅವುಗಳ ಮುಖ್ಯ ವ್ಯಾಪಾರ. ಪರದೆಯ ಮೇಲೆ ಏನು ಓಡುತ್ತದೆ ಎಂಬುದು ಬಲೂನು, ಕೇಕು, ಹೊಗೆಯ ಯಂತ್ರ, ಮಿಣುಕುವ ಅಕ್ಷರದ ದೀಪಗಳ ನಂತರದ ವಿಷಯ. ಜಯನಗರ 4ನೇ ಬ್ಲಾಕಿನ ಸಂತೆಗದ್ದಲದಿಂದ ಸ್ವಲ್ಪ ದೂರದ ಅಡ್ಡರಸ್ತೆಯೊಂದರಲ್ಲಿ, ಔಷಧಿ ಅಂಗಡಿಯ ಮೇಲಿನ ಎರಡನೇ ಮಹಡಿಯಲ್ಲಿ ಇರುವ ಇಂಥದೊಂದು ಥಿಯೇಟರನ್ನು ನಾವು ಕೆಲವು ಸ್ನೇಹಿತರು ಸೇರಿ ಕೇವಲ ಸಿನಿಮಾ ನೋಡುವುದಕ್ಕೆಂದೇ ಹಲವು ವಾರಗಳ ಕಾಲ ಬಳಸಿಕೊಂಡೆವು. ನೋಡಿದ್ದೆಲ್ಲವೂ ಒಬ್ಬ ನಟಿಯ ಚಿತ್ರಗಳು: ಸ್ಪೇನಿನ ಚುಸ್ ಲಾಂಪ್ರೆಯಾವೆ.

ಈ ಹೆಸರು ಕೇಳಿದವರು ನಮ್ಮಲ್ಲಿ ಕಡಿಮೆ, ಮುಖ ನೋಡಿದವರು ಹೆಚ್ಚು. ಸ್ಪೇನಿನ ನಿರ್ದೇಶಕ ಪೆದ್ರೊ ಅಲ್ಮೊದೊವಾರ್ ಅವರ ಚಿತ್ರಗಳನ್ನು ಒಂದೆರಡಾದರೂ ನೋಡಿದವರಿಗೆ, ದಪ್ಪ ಗಾಜಿನ ಕನ್ನಡಕದ ಹಿಂದೆ ಕಣ್ಣುಗಳನ್ನು ಅಗಲಿಸಿಕೊಂಡು, ಮೂಗಿನಿಂದ ಹೊರಡುವ ದನಿಯಲ್ಲಿ ನಗುವೇ ಇಲ್ಲದೆ ನಗಿಸುವ ಆ ಅಜ್ಜಿ ತಟ್ಟನೆ ನೆನಪಾಗುತ್ತಾರೆ. ಅರ್ಧ ಶತಮಾನಕ್ಕೂ ಮೀರಿದ ವೃತ್ತಿಯಲ್ಲಿ ನಾಯಕಿಯ ಪಾತ್ರ ಅವರ ಪಾಲಿಗೆ ಬಂದದ್ದು ಅಪರೂಪ. ಅವರು ಅಜ್ಜಿಯಾದರು, ಚಿಕ್ಕಮ್ಮನಾದರು, ಸನ್ಯಾಸಿನಿಯಾದರು, ಅಪಾರ್ಟ್‌ಮೆಂಟಿನ ಬಾಗಿಲು ಕಾಯುವಾಕೆಯಾದರು. ಬಹಳಷ್ಟು ಸಲ ಚೌಕಟ್ಟಿನ ಅಂಚಿನಲ್ಲಿ, ಬಾಗಿಲ ಬಳಿ, ಅಡುಗೆಮನೆಯ ಮೂಲೆಯಲ್ಲಿ ನಿಂತು ಒಂದೋ ಎರಡೋ ಮಾತು ಆಡಿ ಹೋದರು. ಇಂಥ ನಟಿಯ ಚಿತ್ರಗಳು ಯಾವುದೇ ಪ್ರದರ್ಶನ ವ್ಯವಸ್ಥೆಗೂ ಕಠಿಣ ಪರೀಕ್ಷೆ. ಪರದೆಯ ನಡುವೆ ನಿಂತ ನಾಯಕನನ್ನು ಎಂಥ ಅಗ್ಗದ ಪ್ರೊಜೆಕ್ಟರಾದರೂ ತೋರಿಸುತ್ತದೆ. ಪಕ್ಕಕ್ಕೆ ನಿಂತು ಗೊಣಗುವ ಅಜ್ಜಿಯನ್ನು ತೋರಿಸುವುದಕ್ಕೆ ಚೌಕಟ್ಟು ಪೂರ್ತಿ ಇರಬೇಕು, ಬಣ್ಣ ಹದವಾಗಿರಬೇಕು, ಗೊಣಗಾಟ ಕೇಳಿಸಬೇಕು. ಈ ಬರಹದಲ್ಲಿ ಥಿಯೇಟರನ್ನು ನಾನು ಅಳೆದಿರುವುದು ಈ ಒಂದೇ ಅಳತೆಗೋಲಿನಿಂದ.

ಬುಕಿಂಗಿನ ಕ್ರಮ ಸರಳವಾಗಿದೆ. ಮೂರು ಗಂಟೆಯ ಸ್ಲಾಟಿಗೆ, ನಾಲ್ಕು ಜನರವರೆಗೆ, ನಮ್ಮಿಂದ ತೆಗೆದುಕೊಂಡದ್ದು 1,600 ರೂಪಾಯಿ. ಅದಕ್ಕಿಂತ ಹೆಚ್ಚು ಜನರಿದ್ದರೆ ತಲೆಗೆ 200 ರೂಪಾಯಿ. ಅರ್ಧ ಹಣ ಮುಂಗಡವಾಗಿ ಯುಪಿಐ ಮೂಲಕ, ಉಳಿದದ್ದು ಬಂದ ಮೇಲೆ. ಆದರೆ ಬುಕಿಂಗ್ ಫಾರಂನಲ್ಲಿ ಸಂದರ್ಭ ಯಾವುದೆಂದು ಕೇಳುವ ಕಡ್ಡಾಯ ಪ್ರಶ್ನೆಯೊಂದಿದೆ, ಅದರಲ್ಲಿ ‘ಸಿನಿಮಾ ನೋಡಲು’ ಎಂಬ ಉತ್ತರವೇ ಇಲ್ಲ. ಕೊನೆಗೆ ‘ಇತರೆ’ ಎಂದು ಗುರುತಿಸಿದ ಮೇಲೂ ಡೆಕೊರೇಷನ್ ಪ್ಯಾಕೇಜನ್ನು ತೆಗೆದುಹಾಕಿಸಲು ಫೋನು ಮಾಡಬೇಕಾಯಿತು. ಅಲಂಕಾರ ಬೇಡ ಎಂದರೆ ದರ ಇಳಿಯುತ್ತದೆ ಎಂಬುದನ್ನು ಅವರಾಗಿ ಹೇಳುವುದಿಲ್ಲ, ಕೇಳಿದರೆ ಮಾತ್ರ ಒಪ್ಪುತ್ತಾರೆ, ಕೇಳಿರಿ.

ಚಿತ್ರವನ್ನು ನಾವೇ ತರಬೇಕು. ಒಟಿಟಿ ಖಾತೆ ನಮ್ಮದು, ಡಿಸ್ಕ್ ನಮ್ಮದು, ಪ್ಲೇಯರ್ ಕೂಡ ನಮ್ಮದೇ. ಅವರು ಕೊಡುವುದು ಪ್ರೊಜೆಕ್ಟರ್, ಪರದೆ, ಧ್ವನಿವರ್ಧಕಗಳು ಮತ್ತು ಎಚ್‌ಡಿಎಂಐ ತಂತಿ. ಲಾಂಪ್ರೆಯಾವೆ ಅವರ ಹಳೆಯ ಚಿತ್ರಗಳು ಇಲ್ಲಿನ ಒಟಿಟಿಗಳಲ್ಲಿ ಸುಲಭವಾಗಿ ಸಿಗುವುದಿಲ್ಲವಾದ್ದರಿಂದ ಕೆಲವನ್ನು ಸ್ಪೇನಿನಿಂದ ಬಂದ ಡಿವಿಡಿಗಳಲ್ಲೇ ನೋಡಬೇಕಾಗುತ್ತದೆ. ಡಿಸ್ಕುಗಳನ್ನು ಆಯಾ ವಲಯದ ಪ್ಲೇಯರಿನಲ್ಲಷ್ಟೇ ಓಡುವಂತೆ ಮಾಡಿರುತ್ತಾರೆ: ಅಲ್ಲಿನ ಡಿವಿಡಿಗಳು 2ನೇ ವಲಯದವು, ಭಾರತದಲ್ಲಿ ಮಾರುವ ಪ್ಲೇಯರುಗಳು 5ನೇ ವಲಯದವು. ಬ್ಲೂ-ರೇ ಆದರೆ ಅಲ್ಲಿಯದು ಬಿ, ನಮ್ಮದು ಸಿ. ಎಲ್ಲ ವಲಯಗಳನ್ನೂ ಓದುವ ಪ್ಲೇಯರ್ ಇಲ್ಲದಿದ್ದರೆ ಡಿಸ್ಕ್ ಇಟ್ಟುಕೊಂಡು ಕವರ್ ನೋಡುತ್ತ ಕೂರಬೇಕು, ಅಷ್ಟೇ. ಥಿಯೇಟರಿನವರಿಗೆ ಈ ವಿಷಯದ ಗಂಧವೂ ಇಲ್ಲ, ಇರಬೇಕೆಂದು ನಿರೀಕ್ಷಿಸುವುದೂ ನ್ಯಾಯವಲ್ಲ. ಹಾಗಿದ್ದೂ ನಮ್ಮ ಪ್ಲೇಯರನ್ನು ಜೋಡಿಸಲು ಅವರು ಒಂದು ದಿನವೂ ಗೊಣಗಲಿಲ್ಲ.

ಮೊದಲು ಪರದೆಯ ವಿಷಯ, ಏಕೆಂದರೆ ಅತಿ ದೊಡ್ಡ ತಕರಾರು ಇರುವುದು ಅಲ್ಲಿ. ಸಿಬ್ಬಂದಿಯವರು ಪ್ರತಿ ಚಿತ್ರವನ್ನೂ ಪರದೆ ತುಂಬುವಂತೆ ಹಿಗ್ಗಿಸಿಡುತ್ತಾರೆ. ಮೇಲೆ ಕೆಳಗೆ ಕಪ್ಪು ಪಟ್ಟಿ ಕಂಡರೆ ಗಿರಾಕಿಗಳು ‘ಸ್ಕ್ರೀನ್ ಚಿಕ್ಕದಾಗಿದೆ’ ಎಂದು ದೂರುತ್ತಾರಂತೆ. ಅಲ್ಮೊದೊವಾರ್ ಅವರ 2006ರ ‘ವೊಲ್ವೆರ್’ ಅಗಲ 2.35ಕ್ಕೆ ಎತ್ತರ 1ರ ಅನುಪಾತದ ಅಗಲ ಚಿತ್ರ. ಅದನ್ನು 16:9ರ ಪರದೆಗೆ ತುಂಬಿಸಿದರೆ ಚೌಕಟ್ಟಿನ ಅಗಲದಲ್ಲಿ ಸುಮಾರು ಕಾಲು ಭಾಗ ಹೊರಗೆ ಹೋಗುತ್ತದೆ, ಎರಡೂ ಬದಿಯಿಂದ ಶೇಕಡಾ 12ರಷ್ಟು. ಚಿತ್ರದ ಆರಂಭದಲ್ಲೇ ಬೀಸುಗಾಳಿಯ ಸ್ಮಶಾನದಲ್ಲಿ ಊರಿನ ಹೆಂಗಸರೆಲ್ಲ ಸಮಾಧಿಗಳ ಕಲ್ಲು ಉಜ್ಜುತ್ತಿರುವ ದೃಶ್ಯವಿದೆ. ಅಂಚು ಕತ್ತರಿಸಿದರೆ ಆ ಸಾಲು ಊರಿನ ಸಾಲಾಗಿ ಉಳಿಯುವುದಿಲ್ಲ, ನಾಲ್ಕಾರು ಹೆಂಗಸರ ಕೆಲಸವಾಗಿ ಕುಗ್ಗಿಬಿಡುತ್ತದೆ. ರಿಮೋಟನ್ನು ಕೇಳಿ ತೆಗೆದುಕೊಂಡು ಅನುಪಾತವನ್ನು ಮೂಲಕ್ಕೆ ತಂದ ಮೇಲೆಯೇ ಚಿತ್ರ ಶುರುವಾದದ್ದು ಎನ್ನಬೇಕು.

ಅದಾದ ನಂತರ ಬರುವ ಪೌಲಾ ಚಿಕ್ಕಮ್ಮನ ಮನೆಯ ದೃಶ್ಯವನ್ನು ಇಷ್ಟು ದೊಡ್ಡ ಪರದೆಯ ಮೇಲೆ ನೋಡಿದ್ದು ಕೊಟ್ಟ ಹಣಕ್ಕೆ ಸಾರ್ಥಕ. ಪೌಲಾ ಆಗಿರುವವರು ಲಾಂಪ್ರೆಯಾವೆ. ಕಣ್ಣು ಬಹುತೇಕ ಹೋಗಿದೆ, ಮಾತು ಒಂದು ಕಡೆಯಿಂದ ಇನ್ನೊಂದು ಕಡೆಗೆ ಜಾರುತ್ತದೆ, ಬಂದ ಅಕ್ಕನ ಮಕ್ಕಳನ್ನು ಹಿಡಿದು ಸದ್ದು ಬರುವಂತೆ ಮುತ್ತಿಕ್ಕುತ್ತಾರೆ. ಹೀಗಿದ್ದೂ ತಿಂಡಿ ಮಾತ್ರ ಡಬ್ಬಿಗಳಲ್ಲಿ, ಯಾರದು ಯಾವುದೆಂದು ಹೆಸರಿನ ಸಮೇತ, ಅಚ್ಚುಕಟ್ಟಾಗಿ ಸಿದ್ಧವಾಗಿದೆ. ತೀರಿಹೋದ ಅಕ್ಕನ ಬಗ್ಗೆ ಅವರು ಇನ್ನೂ ಇರುವವಳ ಬಗ್ಗೆ ಮಾತಾಡುವಂತೆ ಮಾತಾಡುತ್ತಾರೆ. ಹೆಣ್ಣುಮಕ್ಕಳು ಪರಸ್ಪರ ಮುಖ ನೋಡಿಕೊಂಡು, ವಯಸ್ಸಾಯಿತು, ಅರಳು ಮರಳು ಎಂದುಕೊಳ್ಳುತ್ತಾರೆ. ಆ ಮನೆಯಲ್ಲಿ ನಿಜ ಹೇಳುತ್ತಿದ್ದವರು ಅವರೊಬ್ಬರೇ ಎಂಬುದು ಪ್ರೇಕ್ಷಕರಿಗೆ ಬಹಳ ಹೊತ್ತಿನ ನಂತರ ತಿಳಿಯುತ್ತದೆ. ಎರಡು ಗಂಟೆಯ ಚಿತ್ರದಲ್ಲಿ ಅವರು ಇರುವುದು ಕೆಲವೇ ನಿಮಿಷ, ಬೇಗ ತೀರಿಕೊಳ್ಳುತ್ತಾರೆ. ಆದರೆ ಕಥೆಯ ಗುಟ್ಟನ್ನೆಲ್ಲ ಆ ನಿಮಿಷಗಳಲ್ಲಿ, ಯಾರಿಗೂ ಅನುಮಾನ ಬಾರದಂತೆ, ಮುದಿತನದ ಮರೆವಿನ ಮರೆಯಲ್ಲಿ ಬಚ್ಚಿಟ್ಟು ಹೋಗುವ ಕೆಲಸ ಅವರದು. ಅಭಿನಯ ಸ್ವಲ್ಪ ಹೆಚ್ಚಾಗಿದ್ದರೆ ಗುಟ್ಟು ರಟ್ಟಾಗುತ್ತಿತ್ತು, ಸ್ವಲ್ಪ ಕಡಿಮೆಯಾಗಿದ್ದರೆ ಮಾತು ನಮ್ಮ ನೆನಪಿನಲ್ಲೇ ಉಳಿಯುತ್ತಿರಲಿಲ್ಲ. ಆ ವರ್ಷದ ಕಾನ್ ಚಿತ್ರೋತ್ಸವದಲ್ಲಿ ಹಾಂಗ್‌ಕಾಂಗಿನ ನಿರ್ದೇಶಕ ವಾಂಗ್ ಕರ್-ವಾಯ್ ಅಧ್ಯಕ್ಷತೆಯ ತೀರ್ಪುಗಾರರು ಅತ್ಯುತ್ತಮ ನಟಿ ಪ್ರಶಸ್ತಿಯನ್ನು ಒಬ್ಬರಿಗೆ ಕೊಡದೆ ಪೆನೆಲೊಪೆ ಕ್ರೂಸ್, ಕಾರ್ಮೆನ್ ಮೌರಾ ಅವರೊಂದಿಗೆ ಲಾಂಪ್ರೆಯಾವೆ ಅವರೂ ಸೇರಿ ಆರು ನಟಿಯರಿಗೆ ಒಟ್ಟಾಗಿ ಕೊಟ್ಟರು. ಕೆಲವೇ ನಿಮಿಷದ ಪಾತ್ರವೊಂದಕ್ಕೆ ಇಂಥ ಮನ್ನಣೆ ಸಿಕ್ಕಿದ್ದು ದಾಕ್ಷಿಣ್ಯಕ್ಕಲ್ಲ ಎಂಬುದು ಚೌಕಟ್ಟು ಪೂರ್ತಿ ಇರುವ ಪರದೆಯ ಮೇಲೆ ನೋಡಿದರೆ ಗೊತ್ತಾಗುತ್ತದೆ.

ಲಾಂಪ್ರೆಯಾವೆ ಹುಟ್ಟಿದ್ದು ಮ್ಯಾಡ್ರಿಡ್‌ನಲ್ಲಿ, 1930ರ ಡಿಸೆಂಬರ್ 11ರಂದು. ಅವರು ಕಲಿತದ್ದು ಚಿತ್ರಕಲೆ. ನಟಿಯಾಗಬೇಕೆಂಬ ಹಂಬಲ ಇಟ್ಟುಕೊಂಡು ಬಂದವರಲ್ಲ. ಸ್ನೇಹಿತರಾಗಿದ್ದ ಬರಹಗಾರ, ನಿರ್ದೇಶಕ ಹೈಮೆ ದೆ ಅರ್ಮಿನ್ಯಾನ್ ಅವರ ಟೆಲಿವಿಷನ್ ನಾಟಕಗಳ ಮೂಲಕ ಅಭಿನಯಕ್ಕೆ ಬಂದು, 1950ರ ದಶಕದ ಕೊನೆಯಲ್ಲಿ ಇಟಲಿಯ ಮಾರ್ಕೊ ಫೆರೆರಿ ಸ್ಪೇನಿನಲ್ಲಿ ಮಾಡಿದ ‘ಎಲ್ ಪಿಸೀತೊ’ ಚಿತ್ರದಲ್ಲಿ ಕಾಣಿಸಿಕೊಂಡರು. ರಫಾಯೆಲ್ ಅಸ್ಕೋನಾ ಬರೆದ ಆ ಚಿತ್ರದ ಕಥೆ ಬಾಡಿಗೆ ಮನೆ ಹುಡುಕಿ ಸೋತ ಬೆಂಗಳೂರಿನವರಿಗೆ ಚೆನ್ನಾಗಿ ಅರ್ಥವಾಗುತ್ತದೆ: ಮದುವೆಯಾಗಲು ಮನೆಯಿಲ್ಲದ ಮನುಷ್ಯನೊಬ್ಬ ಬಾಡಿಗೆಯ ಹಕ್ಕು ತನಗೆ ಬರಲೆಂದು, ಮನೆಯ ಹಕ್ಕುದಾರಳಾದ ಮುದುಕಿಯನ್ನೇ ಮದುವೆಯಾಗಿ ಅವಳ ಸಾವಿಗಾಗಿ ಕಾಯುತ್ತಾನೆ. ಸರ್ವಾಧಿಕಾರಿ ಫ್ರಾಂಕೊ ಕಾಲದ ಸ್ಪೇನಿನಲ್ಲಿ ನೇರವಾಗಿ ಆಡಲಾಗದ ಮಾತನ್ನು ಇಂಥ ಕಪ್ಪು ಹಾಸ್ಯದ ಮೂಲಕ ಆಡಿದ ಗುಂಪಿನೊಂದಿಗೆ ಲಾಂಪ್ರೆಯಾವೆ ಮೊದಲಿನಿಂದಲೂ ಇದ್ದರು. ಫೆರೆರಿಯ 1960ರ ‘ಎಲ್ ಕೊಚೆಸೀತೊ’, ಲೂಯಿಸ್ ಗಾರ್ಸಿಯಾ ಬೆರ್ಲಾಂಗಾ ಅವರ 1963ರ ‘ಎಲ್ ಬೆರ್ದೂಗೊ’ ಎರಡರಲ್ಲೂ ಅವರಿಗೆ ಚಿಕ್ಕ ಪಾತ್ರಗಳು. ಬೆರ್ಲಾಂಗಾ ಮುಂದೆಯೂ ಲಾಂಪ್ರೆಯಾವೆಯನ್ನು ಮರೆಯಲಿಲ್ಲ; 1982ರ ‘ನಾಸಿಯೊನಾಲ್ III’ರಲ್ಲೂ ಅವರಿದ್ದಾರೆ.

ಈ ಕಪ್ಪು-ಬಿಳುಪು ಚಿತ್ರಗಳಲ್ಲಿ ಥಿಯೇಟರಿನ ಪ್ರೊಜೆಕ್ಟರ್ ತನ್ನ ಬಂಡವಾಳ ಬಿಚ್ಚಿತು. ಕಪ್ಪು ಎಂಬುದು ಕಪ್ಪಾಗಿರದೆ ಬೂದಿಯ ಬಣ್ಣಕ್ಕೆ ತಿರುಗಿತ್ತು. ಕೋಣೆಯ ಗೋಡೆಗೆ ಹಾಕಿದ ಅಲಂಕಾರದ ಎಲ್‌ಇಡಿ ಪಟ್ಟಿಯನ್ನು ಪೂರ್ತಿ ಆರಿಸುವ ಸ್ವಿಚ್ಚೇ ಇಲ್ಲದ ಕಾರಣ ಪರದೆಯ ಅಂಚಿಗೆ ನೇರಳೆ ಛಾಯೆ ಬೇರೆ. ಹಿಂದಿನ ಸಾಲಿನಲ್ಲಿ ಎರಡು ಕ್ಷಣ ಕಾಣಿಸಿಕೊಳ್ಳುವ, ಆಗಿನ್ನೂ ಮೂವತ್ತರ ಆಸುಪಾಸಿನ ಲಾಂಪ್ರೆಯಾವೆಯನ್ನು ಆ ಮಬ್ಬಿನಲ್ಲಿ ಗುರುತಿಸಲು ಕಣ್ಣು ಕಿರಿದು ಮಾಡಬೇಕಾಯಿತು. ಕೊನೆಗೆ ಪಟ್ಟಿಯ ಪ್ಲಗ್ಗನ್ನೇ ಕಿತ್ತುಕೊಟ್ಟರು, ಅದು ಅವರ ಒಳ್ಳೆಯತನ. ಆದರೆ ಚಿತ್ರಮಂದಿರ ಎಂದು ಫಲಕ ಹಾಕಿಕೊಂಡ ಜಾಗದಲ್ಲಿ ಕತ್ತಲನ್ನು ಕೇಳಿ ಪಡೆಯಬೇಕಾದದ್ದು ವಿಚಿತ್ರವೇ ಸರಿ.

ಬಣ್ಣದ ಚಿತ್ರಗಳಲ್ಲಿ ತೊಂದರೆ ಇದಕ್ಕೆ ವಿರುದ್ಧವಾದದ್ದು. ಪ್ರೊಜೆಕ್ಟರನ್ನು ಸದಾ ಅತಿ ಗಾಢ ಬಣ್ಣದ ಸೆಟ್ಟಿಂಗಿನಲ್ಲಿ ಇಟ್ಟಿರುತ್ತಾರೆ, ಹುಟ್ಟುಹಬ್ಬದ ಫೋಟೋ ವಿಡಿಯೋಗಳು ಹೊಳೆಯಬೇಕಲ್ಲ. ಅಲ್ಮೊದೊವಾರ್ ಚಿತ್ರಗಳ ಕೆಂಪಿಗೆ ಆ ಸೆಟ್ಟಿಂಗ್ ಬಿದ್ದರೆ ಗೋಡೆ, ಉಡುಗೆ, ಟೊಮೆಟೊ ಎಲ್ಲವೂ ಒಂದೇ ಕುಂಕುಮದ ಮುದ್ದೆಯಾಗುತ್ತವೆ. ಜೊತೆಗೆ ಚಲನೆಯನ್ನು ನುಣುಪು ಮಾಡುವ ಸೌಲಭ್ಯವನ್ನೂ ಚಾಲೂ ಇಟ್ಟಿರುತ್ತಾರೆ. ಸೆಕೆಂಡಿಗೆ 24 ಚೌಕಟ್ಟುಗಳ ಚಿತ್ರಕ್ಕೆ ಯಂತ್ರವೇ ಮಧ್ಯೆ ಮಧ್ಯೆ ಚೌಕಟ್ಟುಗಳನ್ನು ಸೃಷ್ಟಿಸಿ ಸೇರಿಸುವುದರಿಂದ ಸಿನಿಮಾ ಹೋಗಿ ಸಂಜೆಯ ಧಾರಾವಾಹಿ ಬಂದಂತಾಗುತ್ತದೆ. ಎರಡನ್ನೂ ಮೆನುವಿನಲ್ಲಿ ಬದಲಿಸಬಹುದು. ಬದಲಿಸಿದ ಮೇಲೆ ಚಿತ್ರ ನಿಜಕ್ಕೂ ಚೆನ್ನಾಗಿ ಕಂಡಿತು ಎಂಬುದನ್ನೂ ಹೇಳಬೇಕು. ಯಂತ್ರ ಕೆಟ್ಟದ್ದಲ್ಲ, ಅದನ್ನು ಇಟ್ಟಿರುವ ರೀತಿ ಕೆಟ್ಟದ್ದು.

ಹಾಗೆ ಸರಿಪಡಿಸಿಕೊಂಡು ನೋಡಿದ ಚಿತ್ರಗಳಲ್ಲಿ ನನಗೆ ಅತಿ ಹೆಚ್ಚು ಹಿಡಿಸಿದ್ದು 1984ರ, ‘ಇದಕ್ಕೆಲ್ಲ ನಾನೇನು ಪಾಪ ಮಾಡಿದ್ದೆ’ ಎಂಬರ್ಥದ ಉದ್ದನೆಯ ಹೆಸರಿನ ಅಲ್ಮೊದೊವಾರ್ ಚಿತ್ರ. ಮ್ಯಾಡ್ರಿಡ್‌ನ ಹೆದ್ದಾರಿಯ ಪಕ್ಕದ ಇಕ್ಕಟ್ಟಾದ ಫ್ಲ್ಯಾಟು. ಟ್ಯಾಕ್ಸಿ ಓಡಿಸುವ ಗಂಡ, ಮನೆಮನೆ ಕೆಲಸ ಮಾಡಿ ಹೈರಾಣಾದ ಹೆಂಡತಿ, ಇಬ್ಬರು ಹುಡುಗರು, ಮತ್ತು ಅತ್ತೆ. ಹೆಂಡತಿ ಕಾರ್ಮೆನ್ ಮೌರಾ, ಅತ್ತೆ ಲಾಂಪ್ರೆಯಾವೆ. ಈ ಅತ್ತೆ ಕೇಕು ಮತ್ತು ಗುಳ್ಳೆ ಬರುವ ನೀರಿನ ಬಾಟಲಿಗಳನ್ನು ಬೀಗ ಹಾಕಿ ಇಟ್ಟುಕೊಂಡು ಮನೆಯವರಿಗೇ ಮಾರುತ್ತಾರೆ. ಬೀಗದ ಕೈಯನ್ನು ಅವರು ತೆಗೆಯುವ ರೀತಿಯನ್ನು ಗಮನಿಸಬೇಕು: ಅವಸರವಿಲ್ಲ, ಮುಜುಗರವಿಲ್ಲ, ಜಿಪುಣತನದ ನಾಟಕೀಯತೆಯೂ ಇಲ್ಲ, ವ್ಯವಹಾರ ಅಂದರೆ ವ್ಯವಹಾರ. ಮೊಮ್ಮಗನೊಂದಿಗೆ ಪಾರ್ಕಿನಲ್ಲಿ ಸಿಕ್ಕ ಹಲ್ಲಿಯೊಂದನ್ನು ಮನೆಗೆ ತಂದು ಅದಕ್ಕೆ ‘ದುಡ್ಡು’ ಎಂದು ಹೆಸರಿಡುತ್ತಾರೆ. ಮೊಮ್ಮಗ ಹೋಂವರ್ಕ್ ಹಿಡಿದು ಬಂದು ಯಾವ ಲೇಖಕ ರೊಮ್ಯಾಂಟಿಕ್, ಯಾರು ವಾಸ್ತವವಾದಿ ಎಂದು ಕೇಳಿದಾಗ, ಕನ್ನಡಕ ಸರಿಮಾಡಿಕೊಂಡು ಪೂರ್ಣ ಆತ್ಮವಿಶ್ವಾಸದಿಂದ ಎಲ್ಲವನ್ನೂ ತಲೆಕೆಳಗು ಮಾಡಿ ಹೇಳುತ್ತಾರೆ; ರೊಮ್ಯಾಂಟಿಕ್ ಕವಿ ಬೈರನ್ ಈ ಅತ್ತೆಯ ಲೆಕ್ಕದಲ್ಲಿ ವಾಸ್ತವವಾದಿ. ಆ ದೃಶ್ಯದಲ್ಲಿ ನಗು ಬರುವುದು ತಪ್ಪು ಉತ್ತರಕ್ಕಲ್ಲ, ಆ ಉತ್ತರ ಹೇಳುವಾಗಿನ ಅವರ ಗಾಂಭೀರ್ಯಕ್ಕೆ. ಊರಿಗೆ ಹಿಂದಿರುಗಬೇಕು ಎಂಬ ಒಂದೇ ಹಂಬಲ ಆ ಮುದುಕಿಯ ಎಲ್ಲ ಮಾತಿನ ತಳದಲ್ಲೂ ಇದೆ. ಸಿಟಿಗೆ ಕರೆತಂದ ಮಗನ ಮನೆಯಲ್ಲಿ ಚಳಿ ಚಳಿ ಎನ್ನುತ್ತ ಊರಿನ ದಾರಿ ನೋಡುವ ಹಿರಿಯರು ಬಸವೇಶ್ವರನಗರದಲ್ಲೂ ವಿಜಯನಗರದಲ್ಲೂ ಎಷ್ಟು ಮಂದಿಯಿಲ್ಲ! ನಮ್ಮ ಗುಂಪಿನಲ್ಲಿದ್ದ ನಿವೃತ್ತ ಗ್ರಂಥಪಾಲಕಿಯೊಬ್ಬರು ಈ ಚಿತ್ರ ಮುಗಿದ ಮೇಲೆ ಬಹಳ ಹೊತ್ತು ತಮ್ಮ ಅತ್ತೆಯ ಬಗ್ಗೆಯೇ ಮಾತಾಡಿದರು.

ಅಲ್ಮೊದೊವಾರ್ ಹುಟ್ಟಿದ್ದು ಲಾ ಮಾಂಚಾ ಸೀಮೆಯ ಕಾಲ್ಸಾದಾ ದೆ ಕಾಲಾತ್ರಾವಾ ಎಂಬ ಊರಿನಲ್ಲಿ. ಆ ಸೀಮೆಯ ಹೆಂಗಸರ ಮಾತಿನ ಧಾಟಿಯನ್ನು ಪರದೆಗೆ ತರಲು ಅವರಿಗೆ ಒದಗಿದ್ದು ಮ್ಯಾಡ್ರಿಡ್‌ನಲ್ಲಿ ಹುಟ್ಟಿ ಬೆಳೆದ ಲಾಂಪ್ರೆಯಾವೆ ಎಂಬುದು ಸೋಜಿಗ. 1995ರ ‘ಲಾ ಫ್ಲೋರ್ ದೆ ಮಿ ಸೆಕ್ರೆತೊ’ದಲ್ಲಿ ಅವರು ನಟಿಯರಾದ ಮಾರಿಸಾ ಪಾರೆದೆಸ್ ಮತ್ತು ರೊಸ್ಸಿ ದೆ ಪಾಲ್ಮಾ ಇಬ್ಬರ ಪಾತ್ರಗಳ ತಾಯಿ. ಜೊತೆಯಲ್ಲೇ ಇರುವ ಮಗಳೊಂದಿಗೆ ಅವರದು ನಿತ್ಯ ಜಗಳ. ಊಟಕ್ಕೂ ಜಗಳ, ಮಾತ್ರೆಗೂ ಜಗಳ, ಬಟ್ಟೆಗೂ ಜಗಳ. ಇಬ್ಬರೂ ಒಬ್ಬರ ಮಾತಿನ ಮೇಲೆ ಒಬ್ಬರು ಬೀಳುತ್ತ ಮಾತಾಡುವ ಆ ದೃಶ್ಯದಲ್ಲಿ ಸಬ್‌ಟೈಟಲ್ ಓದಿ ಮುಗಿಸುವಷ್ಟರಲ್ಲಿ ಮೂರು ಮಾತು ಮುಂದೆ ಹೋಗಿರುತ್ತದೆ. ಆದರೆ ಇದೇ ತಾಯಿ, ಗಂಡ ಬಿಟ್ಟುಹೋದ ಇನ್ನೊಬ್ಬ ಮಗಳು ಕುಸಿದು ಬಂದಾಗ ಅವಳನ್ನು ಊರಿಗೆ ಕರೆದೊಯ್ದು, ಕೊರಳಗಂಟೆ ಕಳೆದುಕೊಂಡ ಹಸುವಿನಂತೆ ಅಲೆಯುತ್ತಿದ್ದೀಯೆ ಎನ್ನುತ್ತಾರೆ. ತಮಾಷೆಯ ಮುದುಕಿಯೆಂದು ಅಲ್ಲಿಯವರೆಗೆ ನಕ್ಕವರು ಅಲ್ಲಿ ಸುಮ್ಮನಾಗುತ್ತಾರೆ. ದನಿಯನ್ನು ಒಂದಿಷ್ಟೂ ಮೃದು ಮಾಡದೆ, ಅದೇ ಮೂಗಿನ ರಾಗದಲ್ಲಿ ಈ ಮಾತನ್ನು ಹೇಳಿಬಿಡುವುದು ಅವರ ಹೆಚ್ಚುಗಾರಿಕೆ.

ಈ ದನಿಯ ಕಾರಣಕ್ಕೆ ಥಿಯೇಟರಿನ ಧ್ವನಿ ವ್ಯವಸ್ಥೆಯ ಬಗ್ಗೆ ಸ್ವಲ್ಪ ವಿವರವಾಗಿ ಹೇಳಬೇಕಾಗಿದೆ. ಕೋಣೆಯಲ್ಲಿ ಐದು ಸ್ಪೀಕರು, ಒಂದು ಸಬ್‌ವೂಫರಿನ 5.1 ವ್ಯವಸ್ಥೆಯಿದೆ, ಮಂದ್ರ ಸದ್ದಿನ ಆ ಸಬ್‌ವೂಫರನ್ನು ಮಾತ್ರ ಎದೆ ನಡುಗುವಷ್ಟು ಏರಿಸಿಟ್ಟಿರುತ್ತಾರೆ. ಮಾತಿನ ಚಿತ್ರಗಳಿಗೆ ಅದು ಶತ್ರು. ಅದನ್ನು ಇಳಿಸಿ ನಡುವಿನ ಸ್ಪೀಕರನ್ನು ಏರಿಸಿದ ಮೇಲೆ ಲಾಂಪ್ರೆಯಾವೆಯ ಗೊಣಗಾಟ ಸ್ಪಷ್ಟವಾಗಿ ಕೇಳಿತು. ಡಿವಿಡಿಯಲ್ಲಿ ನೋಡುವವರು ಇನ್ನೊಂದು ಸಂಗತಿಯನ್ನು ತಿಳಿದಿರಲಿ: ಯುರೋಪಿನ ಪಾಲ್ (PAL) ಎಂಬ ಟಿವಿ ಪದ್ಧತಿಯ ಡಿವಿಡಿಗಳಲ್ಲಿ 24 ಚೌಕಟ್ಟಿನ ಚಿತ್ರವನ್ನು 25ರ ವೇಗದಲ್ಲಿ ಓಡಿಸುವುದರಿಂದ ನೂರು ನಿಮಿಷದ ಚಿತ್ರ 96 ನಿಮಿಷಕ್ಕೇ ಮುಗಿಯುತ್ತದೆ, ಸರಿಪಡಿಸದಿದ್ದರೆ ಎಲ್ಲರ ದನಿಯೂ ಒಂದಿಷ್ಟು ಏರುತ್ತದೆ. ಮೊದಲೇ ತೆಳುವಾದ ಅವರ ದನಿ ಡಿವಿಡಿಯಲ್ಲಿ ಇನ್ನಷ್ಟು ಕೀರಲಾಗಿ ಕೇಳಿಸಿದರೆ ಅದರಲ್ಲಿ ಥಿಯೇಟರಿನವರ ತಪ್ಪಿಲ್ಲ.

ಅವರ ತಪ್ಪು ಇರುವುದು ಗೋಡೆಯಲ್ಲಿ. ಪಕ್ಕದ ಕೋಣೆಗೂ ನಮ್ಮ ಕೋಣೆಗೂ ನಡುವೆ ಇರುವುದು ಮರದ ಹಲಗೆಯ ತಡಿಕೆಯಂಥದ್ದು. ಮೇಲೆ ಫೋಮ್ ಅಂಟಿಸಿದ್ದಾರೆ, ಅದು ನೋಡಲಷ್ಟೇ. ಅಲ್ಮೊದೊವಾರ್ ಅವರ 1988ರ ‘ಮುಹೆರೆಸ್ ಅಲ್ ಬೊರ್ದೆ’ ಚಿತ್ರದಲ್ಲಿ ಲಾಂಪ್ರೆಯಾವೆ ಕಟ್ಟಡದ ಬಾಗಿಲು ಕಾಯುವಾಕೆ, ಯೆಹೋವನ ಸಾಕ್ಷಿಗಳು ಎಂಬ ಕ್ರೈಸ್ತ ಪಂಥದವರು. ಸುಳ್ಳು ಹೇಳಲು ತಮಗೇನೋ ಇಷ್ಟವೇ, ಆದರೆ ತಮ್ಮ ಪಂಥದಲ್ಲಿ ಅದಕ್ಕೆ ಅವಕಾಶವಿಲ್ಲ ಎಂದು ಅವರು ನೊಂದುಕೊಂಡು ಹೇಳುವ ಆ ಪ್ರಸಿದ್ಧ ಮಾತು ಬರುವ ಹೊತ್ತಿಗೆ ಸರಿಯಾಗಿ ಪಕ್ಕದ ಕೋಣೆಯಲ್ಲಿ ಪಟಾಕಿಯಂಥದ್ದೇನೋ ಸಿಡಿದು, ‘ಹ್ಯಾಪಿ ಬರ್ತ್‌ಡೇ’ ಶುರುವಾಯಿತು. ಹಿಂದಕ್ಕೆ ಓಡಿಸಿ ಮತ್ತೆ ನೋಡಿದೆವು; ಖಾಸಗಿ ಕೋಣೆಯ ಲಾಭ ಅದು. ಸಣ್ಣ ಪಾತ್ರದ ನಟಿಯ ಮಾತು ಒಮ್ಮೆ ತಪ್ಪಿದರೆ ದೊಡ್ಡ ಚಿತ್ರಮಂದಿರದಲ್ಲಿ ತಪ್ಪಿದ್ದೇ, ಇಲ್ಲಿ ಹಾಗಲ್ಲ.

ಇನ್ನೊಂದು ಲಾಭವೂ ಇದೆ. ನಾವು ನೋಡಿದ ಪ್ರತಿಗಳಲ್ಲಿ ಇದ್ದದ್ದು ಇಂಗ್ಲಿಷ್ ಸಬ್‌ಟೈಟಲ್ ಮಾತ್ರ. ವೇಗವಾಗಿ ಇಂಗ್ಲಿಷ್ ಓದಲಾಗದ ಹಿರಿಯರ ಪಕ್ಕದಲ್ಲಿ ಕುಳಿತು, ಬೇಕಾದಲ್ಲಿ ಚಿತ್ರ ನಿಲ್ಲಿಸಿ, ಕನ್ನಡದಲ್ಲಿ ಹೇಳುತ್ತ ಹೋಗಬಹುದು. ಬನಶಂಕರಿಯ ಸುಚಿತ್ರಾ ಫಿಲ್ಮ್ ಸೊಸೈಟಿಯಲ್ಲೋ ನಮ್ಮ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲೋ ಹೀಗೆ ಮಾಡಿದರೆ ಹಿಂದಿನ ಸಾಲಿನವರು ಸುಮ್ಮನಿರುವುದಿಲ್ಲ, ಸುಮ್ಮನಿರಬೇಕಾಗಿಯೂ ಇಲ್ಲ. ಮನೆಯ ಹಿರಿಯರನ್ನು ಕರೆದುಕೊಂಡು ಪರಭಾಷೆಯ ಚಿತ್ರ ನೋಡಬೇಕೆನ್ನುವವರಿಗೆ ಇದೊಂದೇ ಕಾರಣಕ್ಕೆ ಈ ಸೇವೆಯನ್ನು ಧೈರ್ಯವಾಗಿ ಶಿಫಾರಸು ಮಾಡಬಹುದು.

ಸಿಬ್ಬಂದಿಯ ಬಗ್ಗೆ ದೂರಿಲ್ಲ. ಹಾಸನದ ಕಡೆಯ ಹುಡುಗನೊಬ್ಬ ನಮ್ಮ ಕೋಣೆಯ ಉಸ್ತುವಾರಿ. ಕಾಫಿ ತಂದವನು ಬಾಗಿಲಲ್ಲೇ ನಿಂತು ಚಿತ್ರ ನೋಡತೊಡಗಿದ. ಅಂದು ಓಡುತ್ತಿದ್ದದ್ದು ಅಲ್ಮೊದೊವಾರ್ ಅವರ 1983ರ ‘ಎಂತ್ರೆ ತಿನಿಯೆಬ್ಲಾಸ್’. ಹುಲಿ ಸಾಕಿಕೊಂಡ, ಮಾದಕ ವಸ್ತು ಸೇವಿಸುವ ಸನ್ಯಾಸಿನಿಯರ ಆ ಮಠದಲ್ಲಿ ತಮ್ಮನ್ನು ತಾವು ಹೀನಗೊಳಿಸಿಕೊಳ್ಳಲೆಂದು ಎಲ್ಲರೂ ಹೊಲಸು ಹೆಸರುಗಳನ್ನೇ ಇಟ್ಟುಕೊಂಡಿದ್ದಾರೆ. ಲಾಂಪ್ರೆಯಾವೆ ಅಲ್ಲಿ ‘ಗಲ್ಲಿಯ ಇಲಿ’ ಎಂಬ ಸೋದರಿ, ಗುಟ್ಟಾಗಿ ಬೇರೊಂದು ಹೆಸರಿನಲ್ಲಿ ಜನಪ್ರಿಯ ರೋಚಕ ಕಾದಂಬರಿಗಳನ್ನು ಬರೆಯುವಾಕೆ. ಹುಡುಗ ಸ್ವಲ್ಪ ಹೊತ್ತು ನೋಡಿ, “ಸರ್, ಈ ಕನ್ನಡಕದ ಅಮ್ಮನೇ ಹೀರೋಯಿನ್ನಾ?” ಎಂದು ಕೇಳಿದ. ಅಲ್ಲಪ್ಪ, ಹೀರೋಯಿನ್ ಬೇರೆ ಎಂದೆ. “ಮತ್ತೆ ಕ್ಯಾಮೆರಾ ಬೇರೆ ಕಡೆ ಇದ್ರೂ ಕಣ್ಣು ಇವರ ಕಡೆಗೇ ಹೋಗುತ್ತಲ್ಲ ಸರ್” ಎಂದ. ಆ ನಟಿಯ ಬಗ್ಗೆ ನಾನು ಓದಿದ ಲೇಖನಗಳಲ್ಲಿ ಇದಕ್ಕಿಂತ ಚುಟುಕಾದ, ಇದಕ್ಕಿಂತ ಸರಿಯಾದ ಮಾತು ಕಂಡಿಲ್ಲ. ಅಂದಿನಿಂದ ನಾವು ಹೋಗುವ ಮೊದಲೇ ಅವನು ಅನುಪಾತ, ಬಣ್ಣ ಎರಡನ್ನೂ ಸರಿಮಾಡಿ ಇಟ್ಟಿರುತ್ತಿದ್ದ.

ಕಣ್ಣು ಇವರ ಕಡೆಗೇ ಹೋಗುವ ನಟಿಯರು ನಮ್ಮಲ್ಲೂ ಇದ್ದಾರೆ. ಎಂ.ಎನ್. ಲಕ್ಷ್ಮೀದೇವಿ, ಬಿ. ಜಯಾ ಅವರನ್ನು ನೆನೆದರೆ ಸಾಕು. ಪೋಸ್ಟರಿನಲ್ಲಿ ಮುಖವಿಲ್ಲದೆಯೂ ಚಿತ್ರವನ್ನು ಎತ್ತಿಹಿಡಿದವರು. ಹಾಸ್ಯ ಪಾತ್ರಗಳಿಗೇ ಮೀಸಲು ಎಂದುಕೊಂಡಿದ್ದ ಉಮಾಶ್ರೀ ಅವರಿಗೆ ಗಿರೀಶ ಕಾಸರವಳ್ಳಿಯವರ ‘ಗುಲಾಬಿ ಟಾಕೀಸು’ ಸಿಕ್ಕಿತು, ರಾಷ್ಟ್ರಪ್ರಶಸ್ತಿ ಬಂತು. ಲಾಂಪ್ರೆಯಾವೆಗೆ ಅಂಥ ಮಧ್ಯರಂಗದ ಪಾತ್ರ ಪ್ರಶಸ್ತಿ ತಂದುಕೊಡಲಿಲ್ಲ. ಅವರಿಗೆ ಸ್ಪೇನಿನ ಚಲನಚಿತ್ರ ಪ್ರಶಸ್ತಿಯಾದ ಗೋಯಾ ಬಂದದ್ದೂ ಪೋಷಕ ನಟಿಯಾಗಿಯೇ, ಫೆರ್ನಾಂದೊ ತ್ರುಯೆಬಾ ಅವರ 1992ರ ‘ಬೆಲ್ ಎಪೋಕ್’ ಚಿತ್ರಕ್ಕೆ. 1931ರಲ್ಲಿ, ಸ್ಪೇನಿನಲ್ಲಿ ಗಣರಾಜ್ಯ ಬರುವ ಹೊಸ್ತಿಲಲ್ಲಿ ನಡೆಯುವ ಆ ಕಥೆಯಲ್ಲಿ ಅವರು ಕಟ್ಟಾ ಸಂಪ್ರದಾಯಸ್ಥ ಸಿರಿವಂತ ತಾಯಿ. ಪ್ರೀತಿಗಾಗಿ ಧರ್ಮವನ್ನೇ ಬಿಡಲು ಹೊರಟ ಮಗನನ್ನು ಹದ್ದುಬಸ್ತಿನಲ್ಲಿಡಲು ಒದ್ದಾಡುವಾಕೆ. ಚಿತ್ರ ಪರಭಾಷಾ ವಿಭಾಗದಲ್ಲಿ ಆಸ್ಕರ್ ಪಡೆಯಿತು. ಅತ್ತ ಸಾಂತಿಯಾಗೊ ಸೆಗುರಾ ಅವರ 1998ರ ‘ತೊರ್ರೆಂತೆ’ಯಂಥ ಪಕ್ಕಾ ಗಲ್ಲಾಪೆಟ್ಟಿಗೆಯ ಒರಟು ಹಾಸ್ಯ ಚಿತ್ರದಲ್ಲೂ ಅವರಿದ್ದಾರೆ. ಅದನ್ನು ಅರ್ಧಕ್ಕೇ ನಿಲ್ಲಿಸಿದೆವು. ಅವರ ಭಾಗ ಬಿಟ್ಟರೆ ಮಿಕ್ಕದ್ದು ನಮ್ಮ ರುಚಿಯದಲ್ಲ. ಅಲ್ಮೊದೊವಾರ್ ಮಾತ್ರ ಅವರನ್ನು ಬಿಡಲಿಲ್ಲ: 2002ರ ‘ಆಬ್ಲೆ ಕೊನ್ ಎಯಾ’ದಲ್ಲಿ, 2009ರ ‘ಲೋಸ್ ಅಬ್ರಾಸೊಸ್ ರೊತೊಸ್’ನಲ್ಲಿ ಮತ್ತೆ ಬಾಗಿಲು ಕಾಯುವಾಕೆಯಾಗಿಯೇ ಕರೆತಂದರು. 2016ರ ಏಪ್ರಿಲ್ 4ರಂದು, 85ನೇ ವಯಸ್ಸಿನಲ್ಲಿ, ಅಲ್ಮೆರಿಯಾದಲ್ಲಿ ಅವರು ತೀರಿಕೊಂಡರು.

ಉಳಿದ ವಿಷಯಗಳನ್ನು ಬೇಗ ಹೇಳಿ ಮುಗಿಸುತ್ತೇನೆ. ಆಸನಗಳು ಹಿಂದಕ್ಕೆ ಬಾಗುವ ರಿಕ್ಲೈನರುಗಳು, ಆರಾಮವಾಗಿವೆ. ಎಸಿ ಅಗತ್ಯಕ್ಕಿಂತ ಹೆಚ್ಚು ತಣ್ಣಗೆ, ಹಿರಿಯರಿದ್ದರೆ ಶಾಲು ತನ್ನಿ. ಶೌಚಾಲಯ ಚೊಕ್ಕಟವಾಗಿದೆ. ಲಿಫ್ಟ್ ಇಲ್ಲ, ಮಂಡಿನೋವಿನವರಿಗೆ ಎರಡು ಮಹಡಿ ಹತ್ತುವುದು ಶಿಕ್ಷೆ. ಕಾರು ನಿಲ್ಲಿಸಲು ಜಾಗವಿಲ್ಲ. ಹಸಿರು ಮಾರ್ಗದ ಮೆಟ್ರೊದಲ್ಲಿ ಜಯನಗರ ನಿಲ್ದಾಣಕ್ಕೆ ಬಂದು ಆಟೊ ಹಿಡಿಯುವುದು ಮೇಲು. ಪಾಪ್‌ಕಾರ್ನ್ ಮೆತ್ತಗಿತ್ತು, ಕಾಫಿ ಸಕ್ಕರೆ ಪಾನಕ. ಹೊರಗಿನ ತಿಂಡಿಗೆ ಅವಕಾಶವಿಲ್ಲ ಎಂದು ಬರೆದಿದ್ದಾರೆ, ಮನೆಯ ಕೋಡುಬಳೆ ಡಬ್ಬಿಯನ್ನು ಕಂಡೂ ಕಾಣದಂತೆ ಇದ್ದರು.

ಮೂರು ಗಂಟೆಯ ಸ್ಲಾಟಿನಲ್ಲಿ ಯಂತ್ರ ಜೋಡಿಸಲು, ಬಣ್ಣ ಅನುಪಾತ ಸರಿಪಡಿಸಲು ಅರ್ಧ ಗಂಟೆ ಹಿಡಿಯುತ್ತದೆ, ಮುಗಿಯುವ ಹತ್ತು ನಿಮಿಷ ಮೊದಲೇ ಮುಂದಿನವರ ಬಲೂನುಗಳು ಬಾಗಿಲಿಗೆ ಬಂದಿರುತ್ತವೆ; ಆದ್ದರಿಂದ ಎರಡು ಗಂಟೆ ಇಪ್ಪತ್ತು ನಿಮಿಷ ಮೀರುವ ಚಿತ್ರಕ್ಕೆ ಈ ಅವಧಿ ಸಾಲದು. ಅಲ್ಮೊದೊವಾರ್ ಅವರ ಹಳೆಯ ಚಿತ್ರಗಳು ಎರಡು ಗಂಟೆಯೊಳಗಿನವು, ಅವಕ್ಕೆ ಧಾರಾಳವಾಯಿತು. ಐದಕ್ಕೆ ಮೂರೂವರೆ ಅಂಕ ಕೊಡುತ್ತೇನೆ. ಎಲ್‌ಇಡಿ ಪಟ್ಟಿಗೊಂದು ಸ್ವಿಚ್ಚು, ನಡುವಿನ ತಡಿಕೆಗೆ ಬದಲಾಗಿ ನಿಜವಾದ ಗೋಡೆ ಬಂದರೆ ನಾಲ್ಕೂವರೆ ಕೊಡಲು ಅಡ್ಡಿಯಿಲ್ಲ. ಬುಕ್ ಮಾಡುವವರು ವಾರದ ನಡುವಿನ ದಿನದ ಬೆಳಗಿನ ಸ್ಲಾಟನ್ನೇ ಕೇಳಿ ತೆಗೆದುಕೊಳ್ಳಿ, ಆ ಹೊತ್ತಿಗೆ ಪಕ್ಕದ ಕೋಣೆಯಲ್ಲಿ ಯಾರ ಹುಟ್ಟುಹಬ್ಬವೂ ಇರುವುದಿಲ್ಲ.